ಹೊನ್ನು, ತೋಪು ಮತ್ತು ಕಥೆಗಾರರು: ಪದೇ ಪದೇ ಕೇಳುವ ಪ್ರಶ್ನೆಗಳು

ಹಂಪಿ, ರಾಯಚೂರು, ವಿಜಯಪುರ ಸುತ್ತಿ ಬಂದ ಗೆಳೆಯರು ಮೊದಲು ಕೇಳುವುದು ಎರಡೇ ಪ್ರಶ್ನೆ. "ಅಷ್ಟೊಂದು ಬಂಗಾರ ಎಲ್ಲಿ ಹೋಯ್ತು?" "ಆ ತೋಪನ್ನ ನಿಜವಾಗ್ಲೂ ಹಾರಿಸ್ತಿದ್ರಾ?" ಐತಿಹಾಸಿಕ ಕಾದಂಬರಿ, ಚಿತ್ರಕಥೆ ಬರೆಯುವವರ ಹತ್ತಿರ ಇನ್ನೂ ಹತ್ತು ಪ್ರಶ್ನೆ ಇರುತ್ತವೆ. ಒಬ್ಬೊಬ್ಬರಿಗೇ ಉತ್ತರ ಬರೆದು ಸಾಕಾಗಿ ಎಲ್ಲವನ್ನೂ ಇಲ್ಲಿ ಒಟ್ಟಿಗೆ ಇಟ್ಟಿದ್ದೇನೆ. ಹೆಚ್ಚಿನವು ನಮ್ಮ ದಖ್ಖನಿನವು. ಅಲ್ಲಲ್ಲಿ ಸಮುದ್ರ ದಾಟಿಯೂ ಹೋಗಿದ್ದೇನೆ.

ಬಂಗಾರಕ್ಕೂ ತೋಪಿಗೂ ಅಸಲಿಗೆ ಏನು ಸಂಬಂಧ? ಕಥೆಗಾರರು ಸುಮ್ನೆ ಜೋಡಿಸಿದ್ದಲ್ವಾ?

ಕಥೆಯಲ್ಲಿ ಬಂಗಾರ ಒಂದು ಕಡೆ ಹೂತಿರುತ್ತದೆ, ತೋಪು ಅದನ್ನು ಕಾಯುತ್ತದೆ. ನಿಜದಲ್ಲಿ ಬಂಗಾರ ಸುಮ್ಮನೆ ಕೂತದ್ದು ಕಡಿಮೆ. ಅದು ಖರ್ಚಾಗುತ್ತಿತ್ತು, ಅದರಲ್ಲೂ ಯುದ್ಧಕ್ಕೆ.

ಉರ್ಬನ್ ಎಂಬ ಹಂಗೇರಿಯ ಎರಕದವನ ಕಥೆ ನೋಡಿ. ಇವನು ತೋಪು ಎರಕ ಹೊಯ್ಯುವ ವಿದ್ಯೆ ಹಿಡಿದುಕೊಂಡು ಮೊದಲು ಹೋದದ್ದು ಕಾನ್‌ಸ್ಟಾಂಟಿನೋಪಲ್‌ನ ದೊರೆಯ ಹತ್ತಿರ. ಅಲ್ಲಿ ಖಜಾನೆ ಬರಿದಾಗಿತ್ತು, ಸಂಬಳ ಸರಿಯಾಗಿ ಸಿಗಲಿಲ್ಲ. ಎದ್ದು ಸುಲ್ತಾನ್ ಎರಡನೇ ಮೆಹಮದ್‌ನ ಹತ್ತಿರ ಹೋದ. ಅವನು ಕೇಳಿದ್ದಕ್ಕಿಂತ ಜಾಸ್ತಿಯೇ ಕೊಟ್ಟ. 1453ರಲ್ಲಿ ಅದೇ ಉರ್ಬನ್‌ನ ತೋಪು ಅದೇ ಕಾನ್‌ಸ್ಟಾಂಟಿನೋಪಲ್‌ನ ಗೋಡೆಗೆ ಗುಂಡು ಹಾಕಿತು. ಇದನ್ನು ಕಾದಂಬರಿಯಲ್ಲಿ ಬರೆದಿದ್ದರೆ "ಸ್ವಲ್ಪ ಅತಿಯಾಯ್ತು" ಅಂತಿದ್ದರು.

ತೋಪು, ಫಿರಂಗಿ ಎರಡೂ ಒಂದೇನಾ? ಕನ್ನಡದ ಪದಗಳೇನಾ?

ಎರಡೂ ಹೊರಗಿನಿಂದ ಬಂದವು. "ತೋಪು" ತುರ್ಕಿ ಮಾತಿನದು. ಮಾವಿನ ತೋಪಿಗೂ ಇದಕ್ಕೂ ನಂಟಿಲ್ಲ. "ಫಿರಂಗಿ" ಎಂದರೆ ಮೊದಲು ಯುರೋಪಿನವನು. ಆಮೇಲೆ ಅವನು ತಂದ ಆಯುಧಕ್ಕೂ ಅದೇ ಹೆಸರು ಅಂಟಿತು. ಹೆಸರು ನೋಡಿದರೇ ಈ ವಿದ್ಯೆ ಯಾವ್ಯಾವ ದಾರಿಯಲ್ಲಿ ನಮ್ಮ ಕಡೆ ಬಂತು ಅಂತ ಗೊತ್ತಾಗುತ್ತದೆ: ಒಂದು ತುರ್ಕರಿಂದ, ಇನ್ನೊಂದು ಗೋವಾದ ಪೋರ್ಚುಗೀಸರಿಂದ. "ಮದ್ದು" ಮಾತ್ರ ನಮ್ಮದೇ. ಕಾಯಿಲೆಗೂ ಮದ್ದು, ಕೋವಿಗೂ ಮದ್ದು.

ಇನ್ನೊಂದು ಮಜಾ ಇದೆ. ನಾವು ದಿನಾ ಬಾಯಲ್ಲಿ ಆಡುವ "ಹಣ" ವಿಜಯನಗರದಲ್ಲಿ ಒಂದು ನಾಣ್ಯದ ಹೆಸರು. ಪುಟಾಣಿ ಬಂಗಾರದ ನಾಣ್ಯ, ಅರ್ಧ ಗ್ರಾಂ ಕೂಡ ಇಲ್ಲ. ಅಂಗೈಯಲ್ಲಿ ಇಟ್ಟರೆ ಉಸಿರಿಗೇ ಹಾರಿಹೋಗುತ್ತದೇನೋ ಅನಿಸುತ್ತದೆ. 10 ಹಣ ಸೇರಿದರೆ ಒಂದು ಪ್ರತಾಪ, ಎರಡು ಪ್ರತಾಪ ಸೇರಿದರೆ ಒಂದು ವರಾಹ. ವರಾಹದ ತೂಕ ಸುಮಾರು 3.4 ಗ್ರಾಂ.

ಕೃಷ್ಣದೇವರಾಯ ರಾಯಚೂರು ಕೋಟೆಯನ್ನು ತೋಪಿನಿಂದ ಒಡೆದನಾ?

ಇಲ್ಲ. ಇದು ನನಗೆ ತುಂಬಾ ಇಷ್ಟದ ಪ್ರಸಂಗ, ಸ್ವಲ್ಪ ಉದ್ದ ಹೇಳುತ್ತೇನೆ.

1520ರಲ್ಲಿ ರಾಯ ರಾಯಚೂರಿಗೆ ಮುತ್ತಿಗೆ ಹಾಕಿದ. ಇದರ ವಿವರ ಬರೆದವನು ಫೆರ್ನಾವೊ ನೂನಿಜ್, ಪೋರ್ಚುಗೀಸ್ ಕುದುರೆ ವ್ಯಾಪಾರಿ. ಅವನ ಪ್ರಕಾರ ಕೋಟೆ ಗೋಡೆಯನ್ನು ಒಡೆದದ್ದು ಹಾರೆ, ಗುದ್ದಲಿ. ಮೇಲಿನಿಂದ ಬಾಣ, ಗುಂಡು, ಕಲ್ಲು ಬೀಳುವಾಗ ಬುಡಕ್ಕೆ ಹೋಗಿ ಗೋಡೆ ಅಗೆಯುವವರು ಯಾರು? ಅದಕ್ಕೆ ದಂಡನಾಯಕರು ಒಂದು ಉಪಾಯ ಮಾಡಿದರು. ಗೋಡೆಯಿಂದ ಕಿತ್ತು ತಂದ ಕಲ್ಲಿಗೆ ರೇಟು ಕಟ್ಟಿದರು! ಚಿಕ್ಕ ಕಲ್ಲಿಗೆ ಕಡಿಮೆ, ದೊಡ್ಡ ಕಲ್ಲಿಗೆ ಜಾಸ್ತಿ. ಕೊಟ್ಟದ್ದು ಅದೇ ಪುಟಾಣಿ ಬಂಗಾರದ ಹಣ. ಜನ ಸತ್ತರೂ ಮತ್ತೆ ಮತ್ತೆ ನುಗ್ಗಿದರು.

ಅಷ್ಟರಲ್ಲಿ ವಿಜಯಪುರದ ಸುಲ್ತಾನ ಆದಿಲ್ ಶಾಹ ದೊಡ್ಡ ತೋಪಿನ ಪಡೆಯೊಂದಿಗೆ ಕೃಷ್ಣೆ ದಾಟಿ ಬಂದ. ಎಲ್ಲ ತೋಪುಗಳನ್ನೂ ಒಟ್ಟಿಗೇ ಹಾರಿಸಿದ. ರಾಯನ ಮುಂದಿನ ಸಾಲು ಚದುರಿಹೋಯಿತು. ಆದರೆ ಆ ಕಾಲದ ತೋಪಿಗೆ ಮತ್ತೆ ಮದ್ದು ತುಂಬುವುದೆಂದರೆ ಬೆಂಕಿಪೊಟ್ಟಣ ಗೀರಿದಂತಲ್ಲ. ಆ ಸಂದಿಯಲ್ಲೇ ರಾಯ ಹಿಂದಿನ ಪಡೆಯನ್ನು ನುಗ್ಗಿಸಿ ಗೆದ್ದ. ಆಮೇಲೆ ಸಿಕ್ಕಿದ ಲೂಟಿಯಲ್ಲಿ 400 ದೊಡ್ಡ ತೋಪುಗಳಿದ್ದವು ಎಂದು ನೂನಿಜ್ ಲೆಕ್ಕ ಕೊಡುತ್ತಾನೆ. ಅಂಕಿ ಉಬ್ಬಿರಬಹುದು, ವ್ಯಾಪಾರಿಗಳ ಮಾತು.

ಮುತ್ತಿಗೆ ಮುಂದುವರಿಯಿತು. ಕೊನೆಯ ಹಂತದಲ್ಲಿ ಕ್ರಿಸ್ಟೋವಾವ್ ದೆ ಫಿಗೈರೆದೊ ಎಂಬ ಪೋರ್ಚುಗೀಸ್ ಬಂದ, ಜೊತೆಗೆ ಸುಮಾರು 20 ಮಂದಿ ಕೋವಿಯವರು. ಗೋಡೆ ಮೇಲೆ ತಲೆ ಎತ್ತಿದವರಿಗೆಲ್ಲ ಅವರು ಗುರಿಯಿಟ್ಟು ಹೊಡೆದರು. ಕೆಳಗೆ ಕಲ್ಲು ಕೀಳುವವರು ನಿರಾಳವಾಗಿ ಕಿತ್ತರು. ಕೋಟೆ ಬಿತ್ತು. ರಾಯಚೂರಿನ ಬಗ್ಗೆ ಸಿನಿಮಾ ಮಾಡುವವರು ದಯವಿಟ್ಟು ಈ ಕಲ್ಲಿನ ರೇಟನ್ನು ಬಿಡಬೇಡಿ.

ತಾಳಿಕೋಟೆಯಲ್ಲಿ ತೋಪಿಗೆ ನಾಣ್ಯ ತುಂಬಿ ಹಾರಿಸಿದ್ದು ನಿಜನಾ?

ಬರೆದವನು ಫೆರಿಷ್ತಾ. ಅವನು ವಿಜಯಪುರದ ಆಸ್ಥಾನದಲ್ಲಿದ್ದ ಇತಿಹಾಸಕಾರ. ವಿಜಯನಗರಕ್ಕೂ ದಖ್ಖನಿನ ಸುಲ್ತಾನರಿಗೂ ಈ ಯುದ್ಧ ನಡೆದದ್ದು 1565ರ ಜನವರಿ 23ರಂದು. ಅವನು ಬರೆದದ್ದು ಸುಮಾರು 40 ವರ್ಷ ಆದ ಮೇಲೆ. ಅಂದರೆ ಕಣ್ಣಾರೆ ಕಂಡವನಲ್ಲ, ಆದರೆ ಕಂಡವರನ್ನು ಕಂಡವನು.

ಅವನು ಹೇಳುವುದು ಹೀಗೆ. ಅಹ್ಮದ್‌ನಗರದ ಹುಸೇನ್ ನಿಜಾಂ ಶಾಹನ ಹತ್ತಿರ 600 ತೋಪುಗಳಿದ್ದವು. ಮೂರು ಸಾಲು. ಮುಂದೆ ದೊಡ್ಡವು, ನಡುವೆ ಮಧ್ಯಮ, ಹಿಂದೆ ಚಿಕ್ಕವು. ಮೇಲ್ವಿಚಾರಣೆ ಚೆಲೆಬಿ ರೂಮಿ ಖಾನನದು. "ರೂಮಿ" ಅಂದರೆ ತುರ್ಕಿ ಕಡೆಯವನು. ತೋಪುಗಳ ಮುಂದೆ ಬಿಲ್ಲಾಳುಗಳನ್ನು ನಿಲ್ಲಿಸಿ ಅವನ್ನು ಮರೆ ಮಾಡಿದ್ದರು. ವಿಜಯನಗರದ ಪಡೆ ಹತ್ತಿರ ಬಂದೊಡನೆ ಬಿಲ್ಲಾಳುಗಳು ಸರಿದರು, ತೋಪು ಸಿಡಿದವು. ವಿಜಯನಗರದವರು ಹಿಂದೆ ಸರಿದು ಮತ್ತೆ ನುಗ್ಗಿದಾಗ ರೂಮಿ ಖಾನ್ ಗುಂಡಿನ ಬದಲು ಚೀಲಗಟ್ಟಲೆ ತಾಮ್ರದ ಕಾಸು ತುಂಬಿಸಿ ಹಾರಿಸಿದ. ಒಂದೇ ಏಟಿಗೆ 5,000 ಜನ ಸತ್ತರು.

5,000 ಎಂಬ ಅಂಕಿಯನ್ನು ನಾನು ನಂಬುವುದಿಲ್ಲ. ಕಾಸು ತುಂಬಿದ್ದನ್ನು ನಂಬುತ್ತೇನೆ. ಒಂದು ದೊಡ್ಡ ಗುಂಡು ಒಂದು ಸಾಲು ಸೀಳುತ್ತದೆ. ಸಾವಿರ ಚೂರು ಲೋಹ ಬೀಸಿದ ಬಲೆಯಂತೆ ಹರಡುತ್ತದೆ, ಹತ್ತಿರದಿಂದ ಹೊಡೆದರೆ ಭಯಂಕರ. ಗುಂಡು ಮುಗಿದಾಗ ಕೈಗೆ ಸಿಕ್ಕ ಮೊಳೆ, ಚೂರು ಕಬ್ಬಿಣ ತುಂಬುವುದು ಎಲ್ಲ ಕಡೆಯೂ ಇತ್ತು. ಸೈನ್ಯದ ಜೊತೆ ಯಾವಾಗಲೂ ಇರುವ ಚೂರು ಲೋಹ ಯಾವುದು? ಸಂಬಳದ ಕಾಸು!

ಕಾಸಿನ ಬದಲು ಬಂಗಾರದ ವರಾಹ ತುಂಬಿದ್ದರು ಅಂತ ಒಂದು ಕಡೆ ಓದಿದೆ…

ಬರೆದವರಿಗೆ ಕಥೆ ಇನ್ನಷ್ಟು ಹೊಳೆಯಲಿ ಅನಿಸಿರಬೇಕು. ಫೆರಿಷ್ತಾ ಹೇಳುವುದು ತಾಮ್ರ.

ಆದರೆ ಬಂಗಾರ ಅದೇ ಬಯಲಿನಲ್ಲಿತ್ತು, ಎದುರು ಪಾಳೆಯದಲ್ಲಿ. ವಿಜಯನಗರದ ಆಡಳಿತ ನಡೆಸುತ್ತಿದ್ದ ಮುದುಕ ರಾಮರಾಯ ಪಲ್ಲಕ್ಕಿ ಇಳಿದು ರತ್ನದ ಪೀಠದ ಮೇಲೆ ಕೂತ. ಸುತ್ತ ಹಣದ ರಾಶಿ ಹಾಕಿಸಿದ. ಚೆನ್ನಾಗಿ ಹೋರಾಡಿದವರಿಗೆ ಅಲ್ಲೇ ಬಾಚಿ ಕೊಡುವುದಕ್ಕೆ. ಇದೂ ಫೆರಿಷ್ತಾನದೇ ಮಾತು. ಒಂದು ಕಡೆ ನಾಣ್ಯದ ರಾಶಿ ಇನಾಮಿಗೆ, ಇನ್ನೊಂದು ಕಡೆ ನಾಣ್ಯದ ಚೀಲ ತೋಪಿನ ಬಾಯಿಗೆ. ಇದಕ್ಕಿಂತ ಒಳ್ಳೆಯ ದೃಶ್ಯ ಯಾವ ಕಾದಂಬರಿಕಾರ ಕಟ್ಟುತ್ತಾನೆ ಹೇಳಿ. ಎಷ್ಟು ಚೆನ್ನಾಗಿದೆ ಎಂದರೆ, ಫೆರಿಷ್ತಾನೇ ಸ್ವಲ್ಪ ಕಥೆಗಾರನಾಗಿಬಿಟ್ಟನೇನೋ ಎಂಬ ಅನುಮಾನವೂ ಬರುತ್ತದೆ.

ಸೋಲಿಗೆ ಬೇರೆ ಕಾರಣವನ್ನೂ ಹೇಳುತ್ತಾರೆ. 1567ರಲ್ಲಿ ಹಾಳು ಹಂಪಿಯಲ್ಲಿ 7 ತಿಂಗಳು ಕಳೆದ ವೆನಿಸ್‌ನ ಚೆಜಾರೆ ಫೆದೆರಿಚಿ, ರಾಮರಾಯನ ಇಬ್ಬರು ಸರದಾರರು ಪಡೆ ಸಮೇತ ತಿರುಗಿಬಿದ್ದರು ಎಂದು ಬರೆದಿದ್ದಾನೆ.

550 ಆನೆಗಳ ಮೇಲೆ ಬಂಗಾರ ಸಾಗಿಸಿದರಂತೆ. ಅಷ್ಟು ಬಂಗಾರ ಇತ್ತಾ?

ಯುದ್ಧ ಸೋತ ಮೇಲೆ ರಾಮರಾಯನ ತಮ್ಮ ತಿರುಮಲ ಖಜಾನೆಯನ್ನು 550 ಆನೆಗಳ ಮೇಲೆ ಹೇರಿಕೊಂಡು ಪೆನುಕೊಂಡೆ ಕಡೆ ಹೋದ ಎಂಬುದು ರಾಬರ್ಟ್ ಸೆವೆಲ್ 1900ರಲ್ಲಿ ಬರೆದ ಪುಸ್ತಕದಿಂದ ಜನಪ್ರಿಯವಾದ ಮಾತು.

ಸ್ವಲ್ಪ ಲೆಕ್ಕ ಹಾಕೋಣ. ಒಂದು ಆನೆಗೆ 400 ಕಿಲೋ ಹೊರೆ ಅಂದುಕೊಳ್ಳಿ. 550 ಆನೆಗೆ 220 ಟನ್. ಕೋಲಾರದ ಗಣಿಯಲ್ಲಿ ಇಂಗ್ಲಿಷರ ಕಂಪನಿ 1880ರಲ್ಲಿ ಕೆಲಸ ಶುರು ಮಾಡಿದಾಗಿನಿಂದ 2001ರಲ್ಲಿ ಬಾಗಿಲು ಹಾಕುವವರೆಗೆ, 120 ವರ್ಷ, ಯಂತ್ರ, ವಿದ್ಯುತ್ತು, ಡೈನಮೈಟು ಎಲ್ಲ ಹಾಕಿ ತೆಗೆದದ್ದು ಸುಮಾರು 800 ಟನ್. ಅದರ ಕಾಲು ಭಾಗಕ್ಕಿಂತ ಜಾಸ್ತಿ ಬಂಗಾರ ಒಂದು ಅರಮನೆಯಿಂದ ಒಂದೆರಡು ದಿನದಲ್ಲಿ ಆನೆ ಏರಿತು ಅನ್ನುವುದು ನನಗಂತೂ ಗಂಟಲಲ್ಲಿ ಇಳಿಯುವುದಿಲ್ಲ. ಆನೆಗಳು ಹೋಗಿರಬಹುದು. ಅವುಗಳ ಮೇಲೆ ದೇವರ ವಿಗ್ರಹ, ಪೀಠ, ಬಟ್ಟೆ, ಪಾತ್ರೆ, ಹೆಂಗಸರು, ಮಕ್ಕಳು ಎಲ್ಲ ಇದ್ದಿರುತ್ತಾರೆ. ಓಡಿಹೋಗುವವರು ಬರೀ ಬಂಗಾರ ಹೊರುತ್ತಾರಾ?

ಹಂಪಿಯಲ್ಲಿ ಮುತ್ತು ರತ್ನ ಸೇರಿನಲ್ಲಿ ಅಳೆದು ಮಾರುತ್ತಿದ್ದದ್ದು?

ಸೇರು ಜನ ಸೇರಿಸಿದ್ದು. 1443ರಲ್ಲಿ ಬಂದ ಪರ್ಷಿಯಾದ ಅಬ್ದುರ್ ರಜಾಕ್ ಬರೆದದ್ದು ಇಷ್ಟೇ: ಚಿನಿವಾರರು ಮುತ್ತು, ಮಾಣಿಕ್ಯ, ಪಚ್ಚೆ, ವಜ್ರಗಳನ್ನು ಬಜಾರಿನಲ್ಲಿ ಎಲ್ಲರೆದುರು ಮಾರುತ್ತಾರೆ. ಕಳ್ಳಕಾಕರ ಭಯ ಇರಲಿಲ್ಲ ಎಂಬುದು ಅವನಿಗೆ ಆಶ್ಚರ್ಯ. ನಮಗೆ ನೆನಪು ಉಳಿದದ್ದು ರತ್ನದ ರಾಶಿ. ಅವನೇ ಇನ್ನೊಂದು ಮಾತು ಬರೆದಿದ್ದಾನೆ. ಅರಸನ ಖಜಾನೆಯ ಕೋಣೆಗಳಲ್ಲಿ ಗುಂಡಿ ತೋಡಿ, ಕರಗಿದ ಬಂಗಾರ ಹೊಯ್ದು ಒಂದೇ ಗಟ್ಟಿ ಮಾಡಿ ಇಟ್ಟಿದ್ದರಂತೆ. ನಿಧಿ ಹುಡುಕುವವರ ತಲೆ ಕೆಡಿಸಿದ್ದು ಈ ಸಾಲೇ ಇರಬೇಕು.

ಹಾಗಾದರೆ ನಿಧಿ ಇನ್ನೂ ಅಲ್ಲೇ ಇರಬಹುದಲ್ವಾ?

ಗೆದ್ದವರು ತಿಂಗಳುಗಟ್ಟಲೆ ಆ ಊರನ್ನು ಅಗೆದರು. ಆಮೇಲೆ 450 ವರ್ಷದಿಂದ ಕಳ್ಳರು ಅಗೆಯುತ್ತಿದ್ದಾರೆ. ನಂದಿಯ ಹೊಟ್ಟೆ, ಲಿಂಗದ ಬುಡ, ಮಂಟಪದ ಕಂಬ ಒಡೆದು ಹಾಕಿದ್ದಾರೆ. ಸಿಕ್ಕಿದ್ದು ಕಲ್ಲಿನೊಳಗೆ ಕಲ್ಲು. ಇನ್ನು ನಿಮ್ಮ ಹೊಲದಲ್ಲೇ ಸಿಕ್ಕಿದರೆ ಜಿಲ್ಲಾಧಿಕಾರಿಗೆ ತಿಳಿಸಲೇಬೇಕು. 1878ರ ನಿಧಿ ಕಾಯ್ದೆಯಿಂದಲೂ ಅದೇ ನಿಯಮ. ಆ ಕಾಯ್ದೆಯಲ್ಲಿ 10 ರೂಪಾಯಿಗಿಂತ ಬೆಲೆ ಬಾಳುವುದೆಲ್ಲ ಲೆಕ್ಕಕ್ಕೆ ಬರುತ್ತದೆ!

ವಿಜಯಪುರದ ಮಲಿಕ್-ಎ-ಮೈದಾನ್ ತೋಪಿನಲ್ಲಿ ಬಂಗಾರ ಬೆರೆಸಿದ್ದಾರಾ?

ಗೈಡ್‌ಗಳು ಕೆಲವೊಮ್ಮೆ "ಪಂಚಲೋಹ ಸಾರ್, ಬಂಗಾರಾನೂ ಇದೆ" ಅಂತಾರೆ. ಇಲ್ಲ. ಅದು ಕಂಚು: ಸುಮಾರು 80 ಪಾಲು ತಾಮ್ರ, 20 ಪಾಲು ತವರ. ಗಂಟೆ ಎರಕ ಹೊಯ್ಯುವ ಹದ. ಅದಕ್ಕೇ ಬೆರಳಿನಿಂದ ತಟ್ಟಿದರೆ ಸಣ್ಣಗೆ ನಾದ ಬರುತ್ತದೆ. ಮೊದಲ ಸಲ ತಟ್ಟಿದಾಗ ನನಗೆ ದೇವಸ್ಥಾನದ ಗಂಟೆ ನೆನಪಾಗಿತ್ತು. ಕೊಲ್ಲುವ ಯಂತ್ರಕ್ಕೆ ಇಷ್ಟು ಚೆಂದದ ದನಿ ಯಾಕೆ ಅನಿಸಿತ್ತು.

ಎರಕ ಹೊಯ್ದದ್ದು 1549ರಲ್ಲಿ, ಅಹ್ಮದ್‌ನಗರದಲ್ಲಿ, ಒಬ್ಬ ರೂಮಿಯ ಕೈಯಲ್ಲಿ. ತೂಕ ಸುಮಾರು 55 ಟನ್, ಉದ್ದ ಸುಮಾರು 14 ಅಡಿ. ಬಾಯಿಯ ಆಕಾರ ಸಿಂಹದ್ದು. ಹಲ್ಲುಗಳ ನಡುವೆ ಒಂದು ಪಾಪದ ಆನೆ ಸಿಕ್ಕಿಬಿದ್ದಿದೆ. ತಾಳಿಕೋಟೆಯಲ್ಲಿ ಕಾಸು ಉಗುಳಿದ್ದು ಇದೇ ಎಂಬ ಪ್ರತೀತಿ ಇದೆ. ತೋಪು ನಿಜಾಂ ಶಾಹನದೇ ಆದ್ದರಿಂದ ಅಸಾಧ್ಯವಲ್ಲ. ಆದರೆ 55 ಟನ್ ತೋಪನ್ನು ಕೃಷ್ಣಾ ತೀರದ ಬಯಲಿಗೆ ಎಳೆದು ತಂದರು, ನದಿಯನ್ನೂ ದಾಟಿಸಿದರು ಅಂದರೆ ನನಗೆ ಅನುಮಾನ. ಇದು ಕೋಟೆಯ ತೋಪು.

ವಿಜಯಪುರಕ್ಕೆ ಬಂದದ್ದು 1632ರಲ್ಲಿ, ಪರಾಂಡಾ ಕೋಟೆಯಿಂದ, ಗೆಲುವಿನ ಗುರುತಾಗಿ. 400 ಎತ್ತು, 10 ಆನೆ, ನೂರಾರು ಆಳು ಎಳೆದರು ಎನ್ನುತ್ತಾರೆ. ಗೆದ್ದವರು ಬಂಗಾರ ಬಿಟ್ಟು ತೋಪು ಯಾಕೆ ಎಳೆದರು ಎಂದು ಕೇಳಬೇಡಿ. 44 ಟನ್ ತಾಮ್ರ, 11 ಟನ್ ತವರ ಅಂದರೆ ಅದೇ ಒಂದು ಖಜಾನೆ. ನಮ್ಮಲ್ಲಿ ತವರ ಸಿಗುವುದು ಅಪರೂಪ, ಸಮುದ್ರದ ಮೇಲೆ ತರಿಸಬೇಕಿತ್ತು. ಕಂಚಿನ ತೋಪನ್ನು ಯಾವಾಗ ಬೇಕಾದರೂ ಕರಗಿಸಿ ಕಾಸು ಟಂಕಿಸಬಹುದು, ಗಂಟೆ ಮಾಡಬಹುದು, ಬೇರೆ ತೋಪು ಹೊಯ್ಯಬಹುದು. ರಷ್ಯಾದ ಪೀಟರ್ ದೊರೆ 1700ರಲ್ಲಿ ನಾರ್ವಾದಲ್ಲಿ ತೋಪುಗಳನ್ನು ಕಳೆದುಕೊಂಡಾಗ ಚರ್ಚಿನ ಗಂಟೆಗಳನ್ನೇ ಕರಗಿಸಿ ಹೊಸವನ್ನು ಮಾಡಿಸಿದ.

ಅದನ್ನು ಹರಾಜು ಹಾಕಿದ್ದರಂತೆ?

ಹೌದು, 1854ರಲ್ಲಿ. ಬೇಡದ ವಸ್ತು ಎಂದು ಬ್ರಿಟಿಷ್ ಆಡಳಿತ ಹರಾಜಿಗಿಟ್ಟಿತು. 150 ರೂಪಾಯಿಗೆ ಹೋಯಿತು. ಆಗಿನ 150 ಬೆಳ್ಳಿ ರೂಪಾಯಿಗೆ ಸುಮಾರು 100 ಗ್ರಾಂ ಬಂಗಾರ ಬರುತ್ತಿತ್ತು. 55 ಟನ್ ಕಂಚಿಗೆ ಒಂದು ಒಳ್ಳೆಯ ಸರದ ಬೆಲೆ! ಅಷ್ಟು ಅಗ್ಗ ಯಾಕೆ ಅಂದರೆ, ತೆಗೆದುಕೊಂಡು ಹೋಗುವುದು ಹೇಗೆ? ಪುಣ್ಯಕ್ಕೆ ಮೇಲಧಿಕಾರಿಗಳು ಹರಾಜನ್ನು ರದ್ದು ಮಾಡಿದರು. ಈಗ ಜನ ಅದರ ಮೈ ಮುಟ್ಟಿ ಹರಕೆ ಹೇಳಿಕೊಳ್ಳುತ್ತಾರೆ.

ದಿನಕ್ಕೆ ಎಷ್ಟು ಸಲ ಹಾರಿಸುತ್ತಿದ್ದರು? ಸಿನಿಮಾದಲ್ಲಿ ಒಂದಾದ ಮೇಲೊಂದು ಢಮಾರ್ ಅನ್ನುತ್ತಲೇ ಇರುತ್ತದೆ.

ದೊಡ್ಡ ತೋಪು ಬೆರಳೆಣಿಕೆಯಷ್ಟು ಸಲ. ಉರ್ಬನ್‌ನದು ದಿನಕ್ಕೆ 7 ಸಲ ಎನ್ನುತ್ತಾರೆ. ಬಾಬರ್ ತನ್ನ ದಿನಚರಿಯಲ್ಲಿ, ಗಂಗೆಯ ದಡದಲ್ಲಿ ಉಸ್ತಾದ್ ಅಲಿ ಕುಲಿ ದೊಡ್ಡ ತೋಪನ್ನು ಮೊದಲ ದಿನ 8 ಸಲ, ಆಮೇಲೆ ದಿನಕ್ಕೆ 16 ಸಲ ಹಾರಿಸಿದ ಎಂದು ಸಂತೋಷದಿಂದ ಬರೆದುಕೊಂಡಿದ್ದಾನೆ. 16 ಎಂದರೆ ಆಗ ದಾಖಲೆ!

ಮಲಿಕ್-ಎ-ಮೈದಾನ್ ಪಕ್ಕ ನೀರಿನ ತೊಟ್ಟಿ ಇದೆ. ಬತ್ತಿ ಹಚ್ಚಿದವನು ಕಿವಿ ಉಳಿಸಿಕೊಳ್ಳಲು ಅದರಲ್ಲಿ ಮುಳುಗುತ್ತಿದ್ದ ಎಂದು ಗೈಡ್‌ಗಳು ಹೇಳುತ್ತಾರೆ. ನಿಜವೋ ಸುಳ್ಳೋ, ಕಥೆಗೆ ಒಳ್ಳೆಯದು.

ಅಪ್ಪಟ ಬಂಗಾರದ ತೋಪು ಮಾಡಬಹುದಾ?

ಮಾಡಬಹುದು. ಮಾಡಿಸಿದ್ದೂ ಉಂಟು. ಬರೋಡಾದ ಖಂಡೇರಾವ್ ಗಾಯಕವಾಡ ಬೆಳ್ಳಿಯ ತೋಪು ಮಾಡಿಸಿದ್ದ. ಅವನ ತಮ್ಮ ಮಲ್ಹಾರರಾವ್ ಗಾದಿಗೆ ಬಂದ ಮೇಲೆ ಅಣ್ಣನನ್ನು ಮೀರಿಸಬೇಕೆಂದು ಬಂಗಾರದ್ದನ್ನೇ ಮಾಡಿಸಿದ. ಅವು ಯುದ್ಧಕ್ಕಲ್ಲ, ಮೆರವಣಿಗೆಗೆ. ಸಿಂಗರಿಸಿದ ಎತ್ತುಗಳು ಎಳೆಯುತ್ತಿದ್ದವು. ಮಲ್ಹಾರರಾವ್‌ನನ್ನು ಬ್ರಿಟಿಷರು 1875ರಲ್ಲಿ ಗಾದಿಯಿಂದ ಇಳಿಸಿದರು. ಬಂಗಾರದ ತೋಪು ಅವನನ್ನು ಕಾಯಲಿಲ್ಲ.

ಯುದ್ಧಕ್ಕೆ ಬಂಗಾರ ಕೆಲಸಕ್ಕೆ ಬಾರದ ಲೋಹ. ಅಪರಂಜಿ ಮೆತ್ತಗೆ, ಮದ್ದಿನ ಒತ್ತಡಕ್ಕೆ ನಳಿಗೆ ಉಬ್ಬಿಬಿಡುತ್ತದೆ. ಭಾರ ಬೇರೆ, ಕಂಚಿನ ಎರಡು ಪಟ್ಟಿಗಿಂತ ಜಾಸ್ತಿ. ಮಲಿಕ್-ಎ-ಮೈದಾನನ್ನು ಬಂಗಾರದಲ್ಲಿ ಹೊಯ್ದಿದ್ದರೆ ಸುಮಾರು 120 ಟನ್ ತೂಗುತ್ತಿತ್ತು.

ನಾಯಕ ಬಂಗಾರ ತುಂಬಿದ ಪೆಟ್ಟಿಗೆ ಹೆಗಲಿಗೆ ಹಾಕಿಕೊಂಡು ಓಡುತ್ತಾನಲ್ಲ?

ಓಡಲಾರ. ಒಂದೂವರೆ ಅಡಿ ಉದ್ದ, ಒಂದಡಿ ಅಗಲ, ಒಂದಡಿ ಎತ್ತರದ ಪೆಟ್ಟಿಗೆ ತೆಗೆದುಕೊಳ್ಳಿ, ಅಜ್ಜಿಯ ಟ್ರಂಕಿಗಿಂತ ಚಿಕ್ಕದು. ಅದರ ತುಂಬಾ ಬಂಗಾರದ ನಾಣ್ಯ ಸುರಿದರೆ, ನಡುವಿನ ಸಂದಿಗಳನ್ನು ಕಳೆದೂ, ನಾಲ್ಕು ಕ್ವಿಂಟಾಲ್ ಮೀರುತ್ತದೆ. ಮೊದಲು ಪೆಟ್ಟಿಗೆಯ ತಳ ಕಳಚುತ್ತದೆ, ಆಮೇಲೆ ನಾಯಕನ ಬೆನ್ನು.

ಮುಳುಗಿದ ಹಡಗಿನ ಬಂಗಾರ ಸಿಗುವುದು ಬರೀ ಕಥೆನಾ?

ಇದು ಮಾತ್ರ ಕಥೆಗಿಂತ ದೊಡ್ಡದು. ಸ್ಪೇನಿನ ಸಾನ್ ಹೊಸೆ ಎಂಬ ಹಡಗು 1708ರ ಜೂನ್‌ನಲ್ಲಿ ಕೊಲಂಬಿಯಾದ ಕಾರ್ತಹೇನಾ ಹತ್ತಿರ ಇಂಗ್ಲಿಷರ ಜೊತೆ ಹೊಡೆದಾಡುತ್ತಾ ಮುಳುಗಿತು. ಸುಮಾರು 600 ಜನರಲ್ಲಿ ಉಳಿದವರು ಕೈಬೆರಳಷ್ಟು. ಅದರಲ್ಲಿ ದಕ್ಷಿಣ ಅಮೆರಿಕದ ಬಂಗಾರ, ಬೆಳ್ಳಿ, ಪಚ್ಚೆ ಇತ್ತು. 2015ರಲ್ಲಿ ಸಿಕ್ಕಿತು. ಅದು ಸಾನ್ ಹೊಸೆಯೇ ಎಂದು ಗುರುತು ಹಿಡಿದದ್ದು ಬಂಗಾರದಿಂದಲ್ಲ, ಕಂಚಿನ ತೋಪುಗಳ ಮೇಲಿದ್ದ ಡಾಲ್ಫಿನ್ ಆಕಾರದ ಹಿಡಿಗಳಿಂದ. ಈಗ ಕೊಲಂಬಿಯಾ, ಸ್ಪೇನ್, ಒಂದು ಅಮೆರಿಕನ್ ಕಂಪನಿ, ಬೊಲಿವಿಯಾದ ಮೂಲನಿವಾಸಿಗಳು ಎಲ್ಲರೂ ಹಕ್ಕು ಕೇಳುತ್ತಿದ್ದಾರೆ. ಆ ಬೆಳ್ಳಿ ಅಗೆದವರು ತಮ್ಮ ಅಜ್ಜಂದಿರು ಎನ್ನುವ ಕೊನೆಯವರ ವಾದ ನನಗೆ ಹೆಚ್ಚು ನ್ಯಾಯವಾಗಿ ಕಾಣುತ್ತದೆ.

ಟಿಪ್ಪುವಿನ ಬಂಗಾರದ ಸಿಂಹಾಸನ ಏನಾಯಿತು?

ಚೂರು ಚೂರಾಯಿತು. ಬ್ರಿಟಿಷರ ಜೊತೆಗಿನ 1792ರ ಒಪ್ಪಂದದಲ್ಲೇ ಟಿಪ್ಪು 3 ಕೋಟಿ 30 ಲಕ್ಷ ರೂಪಾಯಿ ದಂಡ ಒಪ್ಪಿದ್ದ, ಇಬ್ಬರು ಮಕ್ಕಳನ್ನು ಒತ್ತೆ ಇಟ್ಟಿದ್ದ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದಾಗ 900ಕ್ಕೂ ಹೆಚ್ಚು ತೋಪುಗಳು ಸಿಕ್ಕಿದವು. ಸಿಂಹಾಸನ ಪೂರ್ತಿ ಬಂಗಾರದ್ದಲ್ಲ, ಮರದ ಮೇಲೆ ಬಂಗಾರದ ತಗಡು. ಲೂಟಿ ಹಂಚುವ ಅಧಿಕಾರಿಗಳು ಅದನ್ನು ಒಡೆದು ಪಾಲು ಹಾಕಿದರು. ಹುಲಿಯ ತಲೆ, ಹುಮಾ ಹಕ್ಕಿ ಇಂಗ್ಲೆಂಡಿನ ಅರಮನೆ ಸೇರಿದವು.

ಸಿನಿಮಾದಲ್ಲಿ ಸಾಮಾನ್ಯವಾಗಿ ಮಾಡುವ ತಪ್ಪುಗಳು?

ಕಲ್ಲಿನ ಗುಂಡು ಬಿದ್ದ ಕಡೆ ಬೆಂಕಿ ಏಳುವುದು. ಅದು ಬರೀ ಕಲ್ಲು, ಸಿಡಿಯುವುದಿಲ್ಲ. ತೋಪು ಹಾರಿದ ಮೇಲೆ ಹಿಂದಕ್ಕೆ ಒದೆಯದಿರುವುದು. ಹೊಗೆಯೇ ಇಲ್ಲದಿರುವುದು. ಹಳೆಯ ಮದ್ದಿನ ಹೊಗೆಯಲ್ಲಿ ಎರಡನೇ ಏಟಿಗೆ ಎದುರಾಳಿ ಕಾಣುತ್ತಲೇ ಇರಲಿಲ್ಲ.

ನೆಲ ಅಗೆದಾಗ ಬಂಗಾರದ ಬದಲು ಇಂಥ ಆಯುಧ ಸಿಕ್ಕಿದ್ದು ನಮ್ಮಲ್ಲಿ ಉಂಟಾ?

ಉಂಟು. 2018ರಲ್ಲಿ ಶಿವಮೊಗ್ಗ ಜಿಲ್ಲೆ ಹೊಸನಗರ ತಾಲೂಕಿನ ನಗರದಲ್ಲಿ, ಅಂದರೆ ಹಳೆಯ ಬಿದನೂರಿನಲ್ಲಿ, ಬತ್ತಿದ ಬಾವಿಯೊಂದನ್ನು ಅಗೆದಾಗ ಸಾವಿರಕ್ಕೂ ಹೆಚ್ಚು ರಾಕೆಟ್‌ಗಳು ಸಿಕ್ಕಿದವು. ಕಬ್ಬಿಣದ ಕೊಳವೆಗಳು, ಒಂದು ಗೇಣಿನ ಆಸುಪಾಸು ಉದ್ದ, ಟಿಪ್ಪುವಿನ ಕಾಲದವು. ಬಾವಿಯ ಕೆಸರೇ ಮದ್ದಿನ ವಾಸನೆ ಹೊಡೆಯುತ್ತಿತ್ತಂತೆ. ಶಿವಮೊಗ್ಗದ ವಸ್ತುಸಂಗ್ರಹಾಲಯಕ್ಕೆ ಹೋದರೆ ನೋಡಬಹುದು.